ಸ್ವರಸಂಯೋಜಕ ಟಿ. ಜಿ. ಲಿಂಗಪ್ಪ

ಹೊಸಪೇಟೆಯಿಂದ ಹಂಪೆಗೆ ಹೋದವರು ಮಹಾನವಮಿ ದಿಬ್ಬದ ಕಲ್ಲುಗಳಲ್ಲಿ ನರ್ತಕಿಯರನ್ನೂ ವಾದ್ಯಗಾರರನ್ನೂ ಕಾಣುತ್ತಾರೆ. ಸುಮಾರು 1520ರಲ್ಲಿ ಇಲ್ಲಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ನವರಾತ್ರಿಯ ನೃತ್ಯೋತ್ಸವವನ್ನು ವಿವರವಾಗಿ ಬಣ್ಣಿಸಿದ್ದಾನೆ. 1550ರಲ್ಲಿ ರಾಮಾಮಾತ್ಯನು ‘ಸ್ವರಮೇಳಕಲಾನಿಧಿ’ಯಲ್ಲಿ ರಾಗಗಳ ಲಕ್ಷಣವನ್ನು ನಿರೂಪಿಸಿದನು. ಆದರೆ ಕೃಷ್ಣದೇವರಾಯನ ಆಸ್ಥಾನದಲ್ಲಿ ಕೇಳಿಬರುತ್ತಿದ್ದ ಹಾಡಿನ ಧಾಟಿ ಹೇಗಿತ್ತೆಂಬುದನ್ನು ಕಲ್ಲೂ ಹೇಳದು, ಗ್ರಂಥವೂ ಹೇಳದು. ಆ ಆಸ್ಥಾನಕ್ಕೆ ಚಲನಚಿತ್ರದಲ್ಲಿ ನಾದವನ್ನೊದಗಿಸುವ ಹೊಣೆ ಲಿಂಗಪ್ಪನವರ ಪಾಲಿಗೆ ಬಂದಿತು.

ಲಿಂಗಪ್ಪನವರು 1927ರಲ್ಲಿ ತಿರುಚಿರಾಪಳ್ಳಿಯಲ್ಲಿ ಜನಿಸಿದರು. ಮೊದಲು ಹೆಸರು ಮಾಡಿದ್ದು ತಮಿಳು ಚಿತ್ರಗಳಲ್ಲಿ. ನಿರ್ಮಾಪಕ, ನಿರ್ದೇಶಕ ಬಿ. ಆರ್. ಪಂತುಲು ಅವರ ಸಹವಾಸವು ಅವರನ್ನು ಕನ್ನಡಕ್ಕೆ ಕರೆತಂದಿತು. ‘ಮೊದಲ ತೇದಿ’ (1955), ‘ರತ್ನಗಿರಿ ರಹಸ್ಯ’ (1957) ಚಿತ್ರಗಳ ತರುವಾಯ ಬಂದ ‘ಸ್ಕೂಲ್ ಮಾಸ್ಟರ್’ (1958) ಚಿತ್ರದಲ್ಲಿ, ಸೋಸಲೆ ಅಯ್ಯಾಶಾಸ್ತ್ರಿಗಳ ಪ್ರಾರ್ಥನಾಗೀತೆಯು ಮಕ್ಕಳ ಬಾಯಲ್ಲಿ ನಲಿಯಿತು.

‘ಕಿತ್ತೂರು ಚೆನ್ನಮ್ಮ’ (1961) ಚಿತ್ರದಲ್ಲಿ ಅವರು ಕೈಗೊಂಡ ಕೆಲಸ ಇನ್ನೂ ಕಠಿಣವಾದುದು. ಅಕ್ಕಮಹಾದೇವಿಯ ವಚನವು ಪದ್ಯವಲ್ಲ. ಅದಕ್ಕೆ ನಿಯತವಾದ ಛಂದಸ್ಸಿಲ್ಲ. ತಾಳಕ್ಕೆ ಕಟ್ಟಿದರೆ ಮಾತಿನ ಉಸಿರು ತುಂಡಾಗುವ ಭಯ, ಕಟ್ಟದಿದ್ದರೆ ಅದು ಹಾಡಾಗದು. ಪಿ. ಸುಶೀಲಾ ಅವರ ಕಂಠದಲ್ಲಿ ಮೂಡಿದ ಆ ವಚನದಲ್ಲಿ ಅರ್ಥವೇ ಮುಂದೆ ನಡೆಯುತ್ತದೆ, ರಾಗವು ಅದನ್ನು ಹಿಂಬಾಲಿಸುತ್ತದೆ. ಇದೇ ಅವರ ಶ್ರೇಷ್ಠ ರಚನೆಯೆಂದರೆ ಅತಿಶಯೋಕ್ತಿಯಾಗಲಾರದು.

1970ರಲ್ಲಿ ‘ಶ್ರೀ ಕೃಷ್ಣದೇವರಾಯ’ ವರ್ಣಚಿತ್ರವು ತೆರೆಕಂಡಿತು. ರಾಜಕುಮಾರ್ ಅರಸನಾಗಿಯೂ ಪಂತುಲು ಮಂತ್ರಿ ತಿಮ್ಮರಸನಾಗಿಯೂ ಅಭಿನಯಿಸಿದರು. ಅಂದಿನ ಮದರಾಸಿನ ಚಿತ್ರವಾದ್ಯವೃಂದಕ್ಕೆ ಪಿಟೀಲೇ ಬೆನ್ನೆಲುಬು. ಆದರೆ ಆ ವಾದ್ಯವು ಕರ್ನಾಟಕ ಸಂಗೀತಕ್ಕೆ ಬಂದದ್ದು ರಾಯನು ಆಳಿದ 1509–1529ರ ಅವಧಿಗೆ ಎರಡೂವರೆ ಶತಮಾನಕ್ಕೂ ಮಿಗಿಲಾದ ಕಾಲದ ಮೇಲೆ. ಇತಿಹಾಸಜ್ಞರು ಇದನ್ನು ಆಕ್ಷೇಪಿಸಬಹುದು. ಆದರೆ ಪ್ರೇಕ್ಷಕನು ಗುರುತಿಸಬಲ್ಲ ರಾಗಗಳಲ್ಲಿಯೇ ವೈಭವವನ್ನು ಸೂಚಿಸುವುದಲ್ಲದೆ ಸಂಯೋಜಕನಿಗೆ ಬೇರೆ ದಾರಿ ಎಲ್ಲಿತ್ತು?

ಪಂತುಲು ಅವರು 1974ರಲ್ಲಿ ನಿಧನರಾದರು, ಲಿಂಗಪ್ಪನವರು 2000ದಲ್ಲಿ. ವಿಜಯನಗರಕ್ಕೂ ಹಿಂದಿನ ಕಂಪಿಲಿಯ ಕಥೆ, ಸಂಡೂರು ಕಂಪ್ಲಿಗಳ ಜನರು ಇಂದಿಗೂ ನೆನೆಯುವ ಕುಮಾರರಾಮನ ಕಥೆ, 2006ರಲ್ಲಿ ‘ಗಂಡುಗಲಿ ಕುಮಾರರಾಮ’ ಎಂಬ ಹೆಸರಿನಲ್ಲಿ ಚಿತ್ರವಾದಾಗ, ಅದೇ ತೊಡಕು ಸಂಗೀತ ನಿರ್ದೇಶಕ ಗುರುಕಿರಣ್ ಅವರ ಎದುರಿಗೆ ಬಂದು ನಿಂತಿತು.