ಕಂದುಬಣ್ಣಕ್ಕೆ ಹುರಿದ ಈರುಳ್ಳಿ ಮತ್ತು ಚೀಸಿನ ಟೋಸ್ಟು

ಕರ್ಣಾಟಕದ ಚಿತ್ರದುರ್ಗ, ಗದಗ, ಧಾರವಾಡ, ಹಾವೇರಿ, ವಿಜಯಪುರ, ಬಾಗಲಕೋಟೆ ಮುಂತಾದ ಜಿಲ್ಲೆಗಳಲ್ಲಿ ಈರುಳ್ಳಿಯು ರೈತರಿಗೆ ಹಣವನ್ನು ತರತಕ್ಕ ಮುಖ್ಯವಾದ ಪೈರುಗಳಲ್ಲಿ ಒಂದಾಗಿದೆ. ಉತ್ತರದ ಸೀಮೆಯವರು ಇದನ್ನೇ ಉಳ್ಳಾಗಡ್ಡಿ ಎಂದೂ ಕರಾವಳಿಯವರು ನೀರುಳ್ಳಿ ಎಂದೂ ಕರೆಯುವರು. ಮುಂಗಾರಿನಲ್ಲಿ ಬೆಳೆದ ಗಡ್ಡೆಗಳನ್ನು ಮಳೆಯ ನಡುವೆ ಕೀಳಬೇಕಾಗಿ ಬಂದರೆ ಅವು ಚೆನ್ನಾಗಿ ಒಣಗದೆ ಬಹುದಿನ ನಿಲ್ಲುವುದಿಲ್ಲ. ಅದೇ ಕಾಲದಲ್ಲಿ ಎಲ್ಲರ ಮಾಲೂ ಒಟ್ಟಿಗೆ ಮಾರುಕಟ್ಟೆಗೆ ಬರುವುದರಿಂದ ಬೆಲೆಯೂ ಇಳಿಯುವುದುಂಟು. ಇಂಥ ಸಮಯದಲ್ಲಿ ವಿಂಗಡಿಸಿ ತೆಗೆದ ಗಡ್ಡೆಗಳು ಅಂಗಳದ ಮೂಲೆಯಲ್ಲಿ ಕೊಳೆತು ಹೋಗುವುದನ್ನು ಅನೇಕ ಮನೆಗಳಲ್ಲಿ ಕಾಣಬಹುದು. ಅವುಗಳನ್ನು ಅಡಿಗೆಯಲ್ಲಿ ಹೆಚ್ಚಾಗಿ ಉಪಯೋಗಿಸತಕ್ಕ ಒಂದು ಕ್ರಮವನ್ನು ಈ ಲೇಖನದಲ್ಲಿ ವಿವರಿಸಲಾಗಿದೆ.

ಈ ತಿಂಡಿಯ ಮೂಲವು ಯೂರೋಪು ಖಂಡ. ಫ್ರಾನ್ಸು ದೇಶದಲ್ಲಿ ಈರುಳ್ಳಿಯನ್ನು ಕಂದುಬಣ್ಣ ಬರುವವರೆಗೆ ಹುರಿದು ಸಾರು ಮಾಡಿ, ಅದರ ಮೇಲೆ ಸುಟ್ಟ ರೊಟ್ಟಿಯನ್ನೂ ಚೀಸನ್ನೂ ಇಟ್ಟು ಕಾಯಿಸುವ ಪದ್ಧತಿಯಿದೆ. ಪ್ಯಾರಿಸ್ ನಗರದ ‘ಲೇ ಆಲ್’ ಎಂಬ ದೊಡ್ಡ ಸಂತೆಯು 1969ರಲ್ಲಿ ಊರ ಹೊರಗಿನ ರುಂಜಿಸ್ ಎಂಬಲ್ಲಿಗೆ ಹೋಗುವವರೆಗೆ, ಅಲ್ಲಿ ರಾತ್ರಿಯೆಲ್ಲ ಹೊರೆ ಹೊತ್ತ ಕೂಲಿಗಾರರು ಬೆಳಗಿನ ಜಾವದಲ್ಲಿ ಈ ಸಾರನ್ನು ಕುಡಿಯುತ್ತಿದ್ದರು. ಸಾರನ್ನು ಬಿಟ್ಟು ಈರುಳ್ಳಿ, ಚೀಸು, ರೊಟ್ಟಿ ಈ ಮೂರನ್ನು ಮಾತ್ರ ಇಟ್ಟುಕೊಂಡರೆ, ಊಟಕ್ಕೆ ಮೊದಲು ಅತಿಥಿಗಳಿಗೆ ಕೊಡತಕ್ಕ ಹಸಿವನ್ನು ಕೆರಳಿಸುವ ಸಣ್ಣ ತಿಂಡಿಯಾಗುತ್ತದೆ.

1. ಗಡ್ಡೆಗಳನ್ನು ಆರಿಸುವುದು

ಕಿತ್ತ ಈರುಳ್ಳಿಯನ್ನು ನೆರಳಿನಲ್ಲಿ ಒಣಗಿಸಿದ ಮೇಲೆ ಮೂರು ಭಾಗವಾಗಿ ವಿಂಗಡಿಸಬೇಕು. ಕತ್ತು ಸಣ್ಣಗಾಗಿ ಮುಚ್ಚಿಕೊಂಡು, ಹೊರ ಸಿಪ್ಪೆಯು ಗರಿಗರಿಯಾಗಿರುವ ಗಟ್ಟಿ ಗಡ್ಡೆಗಳನ್ನು ಗಾಳಿಯಾಡುವ ಉಗ್ರಾಣದಲ್ಲಿ ಇಡಬಹುದು. ದಪ್ಪ ಕತ್ತಿನವು, ಜೋಡಿ ಗಡ್ಡೆಗಳು, ಕೀಳುವಾಗ ಗುದ್ದಲಿ ತಗುಲಿದವು ಮತ್ತು ಮೊಳಕೆ ಬಂದವು ಎರಡನೆಯ ಭಾಗ. ಇವು ಉಗ್ರಾಣದಲ್ಲಿ ನಿಲ್ಲುವುದಿಲ್ಲ; ಒಳ್ಳೆಯವುಗಳೊಡನೆ ಇಟ್ಟರೆ ಅವನ್ನೂ ಕೆಡಿಸುತ್ತವೆ. ಆದಕಾರಣ ಇವನ್ನೇ ಮೊದಲು ಅಡಿಗೆಗೆ ತೆಗೆದುಕೊಳ್ಳತಕ್ಕದ್ದು. ಮೆತ್ತಗಾಗಿ ನೀರು ಸುರಿಯುವ, ಕೆಟ್ಟ ವಾಸನೆ ಬರುವ ಗಡ್ಡೆಗಳು ಮೂರನೆಯ ಭಾಗ. ಇವು ಗೊಬ್ಬರದ ಗುಂಡಿಗೇ ಹೊರತು ಮನುಷ್ಯರ ಆಹಾರಕ್ಕೆ ಕೂಡದು. ಎಷ್ಟು ಹುರಿದರೂ ಕೊಳೆತದ್ದು ಒಳ್ಳೆಯದಾಗುವುದಿಲ್ಲ. ಹೊರಪದರದಲ್ಲಿ ಮಾತ್ರ ಸ್ವಲ್ಪ ಕಪ್ಪು ಬೂಷ್ಟು ಕಂಡುಬಂದರೆ ಆ ಪದರವನ್ನು ಸುಲಿದು, ತೊಳೆದು, ಒಳಭಾಗವು ಗಟ್ಟಿಯಾಗಿದ್ದರೆ ಉಪಯೋಗಿಸಬಹುದು.

ಘಾಟು ಹೆಚ್ಚಾಗಿರುವ ಗಡ್ಡೆಯು ಈ ಕೆಲಸಕ್ಕೆ ಬಾರದೆಂದು ತಿಳಿಯುವುದು ತಪ್ಪು. ಘಾಟು ಕಡಿಮೆಯಾದ ಈರುಳ್ಳಿಯಲ್ಲಿ ಸಕ್ಕರೆಯು ಹೆಚ್ಚಾಗಿಯೇ ಇರುವುದೆಂಬ ನಿಯಮವಿಲ್ಲ; ಅನೇಕ ವೇಳೆ ನೀರು ಮಾತ್ರ ಹೆಚ್ಚಾಗಿರುವುದು. ಘಾಟಾದ ಗಡ್ಡೆಯನ್ನು ಹುರಿದಾಗ ಘಾಟು ಹೋಗಿ, ಒಳಗಿನ ಸಿಹಿಯು ಚೆನ್ನಾಗಿ ಹೊರಪಡುತ್ತದೆ.

2. ಹುರಿಯುವಾಗ ನಡೆಯುವ ಕ್ರಿಯೆ

ಹಸಿ ಈರುಳ್ಳಿಯಲ್ಲಿ ಹೆಚ್ಚು ಕಡಿಮೆ ನೂರಕ್ಕೆ 86ರಿಂದ 89 ಭಾಗ ನೀರೂ, 4ರಿಂದ 5 ಭಾಗ ಸಕ್ಕರೆಯೂ ಇರುತ್ತವೆ. ಗಡ್ಡೆಯನ್ನು ಕೊಯ್ದಾಗ ಅದರ ಕಣಗಳು ಒಡೆದು, ಬೇರೆ ಬೇರೆಯಾಗಿದ್ದ ಗಂಧಕಯುಕ್ತ ಪದಾರ್ಥವೂ ಕಿಣ್ವವೂ ಒಂದುಗೂಡಿ ಕಣ್ಣುರಿಸುವ ಅನಿಲವು ಹುಟ್ಟುತ್ತದೆ. ಈ ಅನಿಲವನ್ನುಂಟುಮಾಡುವುದಕ್ಕೆ ಪ್ರತ್ಯೇಕವಾದ ಮತ್ತೊಂದು ಕಿಣ್ವವೂ ಇದೆಯೆಂಬುದನ್ನು 2002ರಲ್ಲಿ ಜಪಾನಿನ ವಿಜ್ಞಾನಿಗಳು ಪ್ರಕಟಿಸಿದರು. ಗಡ್ಡೆಯನ್ನು ಅರ್ಧ ಗಂಟೆ ತಂಪಾದ ಜಾಗದಲ್ಲಿಟ್ಟು, ಹರಿತವಾದ ಚಾಕುವಿನಿಂದ ಕೊಯ್ದರೆ ಕಣ್ಣೀರು ಕಡಿಮೆಯಾಗುವುದು.

ಪಾತ್ರೆಯಲ್ಲಿ ನೀರು ಇರುವವರೆಗೆ ಉಷ್ಣತೆಯು 100 ಡಿಗ್ರಿ ಸೆಂಟಿಗ್ರೇಡಿನ ಹತ್ತಿರವೇ ನಿಲ್ಲುವುದು. ಆಗ ಈರುಳ್ಳಿ ಬೇಯುವುದೇ ಹೊರತು ಕಂದಾಗುವುದಿಲ್ಲ. ನೀರು ಆವಿಯಾಗಿ ಹೋದಂತೆ ಉಷ್ಣತೆಯು ಏರಿ ಎರಡು ಕ್ರಿಯೆಗಳು ನಡೆಯುತ್ತವೆ. ಸಕ್ಕರೆಯೂ ಸಸಾರಜನಕದ ಅಂಶಗಳೂ ಕೂಡಿ ಕಂದುಬಣ್ಣವನ್ನೂ ಪರಿಮಳವನ್ನೂ ಕೊಡುವುದು ಮೊದಲನೆಯದು. ಇದನ್ನು ಫ್ರಾನ್ಸಿನ ಲೂಯಿ ಕಮೀಲ್ ಮಯ್ಯಾರ್ ಎಂಬ ವಿಜ್ಞಾನಿಯು 1912ರಲ್ಲಿ ವಿವರಿಸಿದನು. ಸಕ್ಕರೆಯು ತಾನಾಗಿಯೇ ಕಾದು ಕಂದಾಗುವುದು ಎರಡನೆಯದು. ಹೀಗೆ 1 ಕಿಲೋಗ್ರಾಂ ಈರುಳ್ಳಿಯು ಕಡೆಗೆ ಸುಮಾರು 250ರಿಂದ 300 ಗ್ರಾಂಗೆ ಇಳಿಯುತ್ತದೆ. ನಿಲ್ಲದ ಗಡ್ಡೆಗಳನ್ನು ಬೇಗನೆ ಖರ್ಚು ಮಾಡಬೇಕಾದ ಮನೆಗೆ ಈ ಕ್ರಮವು ಒಪ್ಪುವುದು ಇದರಿಂದಲೇ.

3. ಚೀಸಿನ ವಿಚಾರ

ಚೀಸನ್ನು ನಮ್ಮ ಗಿಣ್ಣಿನೊಡನೆ ಸೇರಿಸಿ ತಿಳಿಯಬಾರದು. ಗಿಣ್ಣು ಈದ ಹಸುವಿನ ಮೊದಲ ದಿನಗಳ ಹಾಲನ್ನು ಕಾಯಿಸಿ ಮಾಡತಕ್ಕದ್ದು. ಚೀಸು ಸಾಧಾರಣ ಹಾಲನ್ನು ಕಿಣ್ವದಿಂದ ಹೆಪ್ಪುಗಟ್ಟಿಸಿ, ನೀರನ್ನು ತೆಗೆದು, ಉಪ್ಪು ಸೇರಿಸಿ ಮಾಗಿಸಿದ ಪದಾರ್ಥ. ಸ್ವಿಟ್ಜರ್ಲೆಂಡಿನ ಗ್ರುಯೇರ್ ಮತ್ತು ಇಂಗ್ಲೆಂಡಿನಲ್ಲಿ ಹುಟ್ಟಿದ ಚೆಡ್ಡರ್ ಎಂಬ ಬಗೆಗಳು ಈ ತಿಂಡಿಗೆ ಒಪ್ಪುತ್ತವೆ. ಅಂಗಡಿಗಳಲ್ಲಿ ದೊರೆಯುವ ಸಂಸ್ಕರಿಸಿದ ಚೀಸು ಸಮನಾಗಿ ಕರಗುವುದರಿಂದ ಅದೂ ಸಾಕು. ಆದರೆ ಅದರಲ್ಲಿ ಮೊದಲೇ ಉಪ್ಪು ಇರುವುದನ್ನು ಮರೆಯಬಾರದು. ಕೆಲವು ಚೀಸುಗಳಿಗೆ ಕರುವಿನ ಹೊಟ್ಟೆಯಿಂದ ತೆಗೆದ ಕಿಣ್ವವನ್ನು ಉಪಯೋಗಿಸುವರಾದ್ದರಿಂದ ಸಸ್ಯಾಹಾರಿಗಳು ಪೊಟ್ಟಣದ ಮೇಲಿನ ಹಸಿರು ಗುರುತನ್ನು ನೋಡಿಕೊಳ್ಳಬೇಕು.

ಹಾಲಿಗೆ ನಿಂಬೆರಸವನ್ನು ಹಾಕಿ ಒಡೆಸಿ ಮಾಡಿದ ಪನೀರು ಎಷ್ಟು ಕಾಯಿಸಿದರೂ ಕರಗುವುದಿಲ್ಲ. ಹಾಲು ಕರೆಯುವ ಮನೆಯವರು ಚೀಸನ್ನು ಕೊಳ್ಳಲು ಇಷ್ಟಪಡದಿದ್ದರೆ, ಪನೀರನ್ನು ಪುಡಿಮಾಡಿ, ಸ್ವಲ್ಪ ಕೆನೆಯನ್ನೂ ಮೆಣಸಿನ ಪುಡಿಯನ್ನೂ ಉಪ್ಪನ್ನೂ ಕಲಸಿ ಹರಡಬಹುದು. ಎಳೆಯಾಗಿ ಕರಗದಿದ್ದರೂ ರುಚಿಯಲ್ಲಿ ಕೊರತೆಯಿರುವುದಿಲ್ಲ.

4. ಬೇಕಾಗುವ ಪದಾರ್ಥಗಳು (12 ತುಂಡುಗಳಿಗೆ)

ಈರುಳ್ಳಿ: 1 ಕಿಲೋಗ್ರಾಂ
ಬೆಣ್ಣೆ: 30 ಗ್ರಾಂ
ಅಡಿಗೆ ಎಣ್ಣೆ: 1 ದೊಡ್ಡ ಚಮಚ
ಉಪ್ಪು: ಅರ್ಧ ಸಣ್ಣ ಚಮಚ
ಕರಿಮೆಣಸಿನ ಪುಡಿ: ಕಾಲು ಸಣ್ಣ ಚಮಚ
ನಿಂಬೆರಸ: 1 ಸಣ್ಣ ಚಮಚ
ಚೀಸು: 150 ಗ್ರಾಂ
ಬ್ರೆಡ್ಡು: ಒಂದು ಸೆಂಟಿಮೀಟರು ದಪ್ಪದ 12 ಸಣ್ಣ ತುಂಡುಗಳು

ಬ್ರೆಡ್ಡು ಹಿಂದಿನ ದಿನದ್ದಾಗಿದ್ದರೆ ಉತ್ತಮ.

5. ಮಾಡುವ ಕ್ರಮ

(ಅ) ಈರುಳ್ಳಿಯ ಸಿಪ್ಪೆಯನ್ನು ತೆಗೆದು, ಬುಡದಿಂದ ತುದಿಗೆ ಎರಡು ಹೋಳಾಗಿ ಸೀಳಿ, ಅದೇ ಉದ್ದಕ್ಕೆ 3 ಮಿಲಿಮೀಟರಿನಷ್ಟು ದಪ್ಪವಾಗಿ ಹೆಚ್ಚಬೇಕು. ಅಡ್ಡಲಾಗಿ ಹೆಚ್ಚಿದರೆ ಎಳೆಗಳು ಬೇಗ ಕರಗಿ ಮುದ್ದೆಯಾಗುವುವು. ಎಲ್ಲವೂ ಒಂದೇ ದಪ್ಪವಾಗಿರಬೇಕು. ಇಲ್ಲವಾದರೆ ಸಣ್ಣವು ಕರಿಕಾಗುವ ಹೊತ್ತಿಗೆ ದಪ್ಪನಾದವು ಇನ್ನೂ ಬಿಳಿಯಾಗಿರುವುವು.

(ಆ) ಅಗಲವಾದ ದಪ್ಪತಳದ ಪಾತ್ರೆಯಲ್ಲಿ ಬೆಣ್ಣೆಯನ್ನೂ ಎಣ್ಣೆಯನ್ನೂ ಕಾಯಿಸಿ, ಈರುಳ್ಳಿಯನ್ನೂ ಉಪ್ಪನ್ನೂ ಹಾಕಿ, ಮುಚ್ಚಳ ಮುಚ್ಚಿ ಮಧ್ಯಮ ಉರಿಯಲ್ಲಿ 10 ನಿಮಿಷ ಬೇಯಿಸಬೇಕು. ನಡುವೆ ಒಂದೆರಡು ಸಲ ಕೈಯಾಡಿಸಬೇಕು. ಉಪ್ಪು ನೀರನ್ನು ಹೊರಕ್ಕೆಳೆಯುವುದರಿಂದ ಈರುಳ್ಳಿ ಬಾಡಿ ಪಾತ್ರೆಯ ತಳಕ್ಕಿಳಿಯುವುದು.

(ಇ) ಮುಚ್ಚಳವನ್ನು ತೆಗೆದು, ಉರಿಯನ್ನು ತಗ್ಗಿಸಿ, 35ರಿಂದ 45 ನಿಮಿಷ ಹುರಿಯಬೇಕು. ಮೊದಲು ಹಳದಿ, ಆ ಮೇಲೆ ಹೊಂಬಣ್ಣ, ಕಡೆಗೆ ಹಳೆಯ ಬೆಲ್ಲದ ಬಣ್ಣ ಬರುವುದು. ತಳದಲ್ಲಿ ಕಂದಾದ ಪದರವು ಅಂಟಿದಾಗಲೆಲ್ಲ ಒಂದು ಚಮಚ ನೀರನ್ನು ಚಿಮುಕಿಸಿ, ಮರದ ಸಟ್ಟುಗದಿಂದ ಉಜ್ಜಿ ಈರುಳ್ಳಿಯೊಡನೆ ಕಲಸಬೇಕು. ರುಚಿಯ ಸಾರವೆಲ್ಲ ಆ ಪದರದಲ್ಲಿರುವುದರಿಂದ ಅದನ್ನು ವ್ಯರ್ಥಮಾಡಕೂಡದು.

(ಈ) ಪಾತ್ರೆಯನ್ನು ಇಳಿಸಿ ಮೆಣಸಿನ ಪುಡಿಯನ್ನೂ ನಿಂಬೆರಸವನ್ನೂ ಸೇರಿಸಬೇಕು. ಹುಳಿಯು ಅತಿಯಾದ ಸಿಹಿಯನ್ನು ತಡೆಯುವುದು. ಹಿತ್ತಾಳೆಯ ಪಾತ್ರೆಯಾದರೆ ಕಲಾಯಿ ಇದ್ದೇ ಇರಬೇಕು.

(ಉ) ಬ್ರೆಡ್ಡಿನ ತುಂಡುಗಳನ್ನು ಕಾದ ಹಂಚಿನ ಮೇಲೆ ಎರಡು ಕಡೆಯೂ ಗರಿಯಾಗುವಂತೆ ಸುಡಬೇಕು. ಹಸಿ ಬ್ರೆಡ್ಡಿನ ಮೇಲೆಯೇ ಈರುಳ್ಳಿಯನ್ನು ಹರಡಿದರೆ ತೇವವನ್ನು ಹೀರಿ ಮೆತ್ತಗಾಗುವುದು.

(ಊ) ಪ್ರತಿ ತುಂಡಿನ ಮೇಲೂ ಒಂದು ದೊಡ್ಡ ಚಮಚದಷ್ಟು ಈರುಳ್ಳಿಯನ್ನು ಅಂಚಿನವರೆಗೂ ಹರಡಿ, ಮೇಲೆ ತುರಿದ ಚೀಸನ್ನು ಉದುರಿಸಬೇಕು. ಓವನ್ ಇದ್ದವರು ಅದನ್ನು 200 ಡಿಗ್ರಿಗೆ ಮೊದಲೇ ಕಾಯಿಸಿ 5ರಿಂದ 7 ನಿಮಿಷ ಇಡಬಹುದು. ಇಲ್ಲದವರು ಹಂಚಿನ ಮೇಲೆ ಜೋಡಿಸಿ, ಮುಚ್ಚಳ ಮುಚ್ಚಿ, ಸಣ್ಣ ಉರಿಯಲ್ಲಿ 3ರಿಂದ 4 ನಿಮಿಷ ಇಟ್ಟರೆ ಚೀಸು ಕರಗುವುದು. ಬಿಸಿಯಾಗಿರುವಾಗಲೇ ಬಡಿಸಬೇಕು.

6. ಸಾಮಾನ್ಯವಾದ ತಪ್ಪುಗಳು

ಆತುರವೇ ಮೊದಲನೆಯ ತಪ್ಪು. ಹತ್ತು ನಿಮಿಷದಲ್ಲಿ ಈರುಳ್ಳಿಯನ್ನು ಕಂದಾಗಿಸಬೇಕೆಂದು ದೊಡ್ಡ ಉರಿಯಿಟ್ಟರೆ ಅಂಚುಗಳು ಸುಟ್ಟು ಕಹಿಯಾಗುವುವು, ಒಳಗೆ ಹಸಿಯೇ ಉಳಿಯುವುದು. ಸುಟ್ಟು ಕಹಿಯಾದದ್ದನ್ನು ಬೆಲ್ಲ ಹಾಕಿ ಸರಿಮಾಡಲಾಗುವುದಿಲ್ಲ. ಚಿಟಿಕೆ ಅಡಿಗೆ ಸೋಡವನ್ನು ಹಾಕಿದರೆ ಬಣ್ಣವು ಬೇಗ ಬರುವುದು ನಿಜ. ಆದರೆ ಎಳೆಗಳು ಮುದ್ದೆಯಾಗಿ, ಟೋಸ್ಟಿನ ಮೇಲೆ ನಿಲ್ಲದ ಗೊಜ್ಜಿನಂತಾಗುವುದು. ಪಾತ್ರೆಯು ಇಕ್ಕಟ್ಟಾಗಿದ್ದರೆ ಆವಿಯು ಹೊರಗೆ ಹೋಗದೆ ಹೊತ್ತು ಹೆಚ್ಚು ಹಿಡಿಯುವುದು. ಆದುದರಿಂದ ಅಗಲವಾದದ್ದನ್ನೇ ಆರಿಸಬೇಕು.

7. ಕಾಪಾಡುವುದು

ಹುರಿದ ಈರುಳ್ಳಿಯನ್ನು ಆರಿಸಿ, ಮುಚ್ಚಿದ ಡಬ್ಬಿಯಲ್ಲಿ ಶೀತಕ ಪೆಟ್ಟಿಗೆಯೊಳಗೆ 3ರಿಂದ 4 ದಿನ ಇಡಬಹುದು. ಹೆಪ್ಪುಗಟ್ಟಿಸಿದರೆ ಸುಮಾರು 3 ತಿಂಗಳು ನಿಲ್ಲುವುದು. ಮೇಲೆ ಎಣ್ಣೆ ತುಂಬಿ ಉಪ್ಪಿನಕಾಯಿಯಂತೆ ಹೊರಗಿಡುವುದು ಮಾತ್ರ ಅಪಾಯಕರ. ಹುಳಿ, ಉಪ್ಪುಗಳು ಸಾಕಷ್ಟಿಲ್ಲದ ಪದಾರ್ಥವು ಗಾಳಿಯಾಡದೆ ಎಣ್ಣೆಯ ಕೆಳಗಿದ್ದರೆ, ಅದರಲ್ಲಿ ಪ್ರಾಣಾಂತಿಕವಾದ ವಿಷವನ್ನುಂಟುಮಾಡುವ ಸೂಕ್ಷ್ಮಜೀವಿಗಳು ಬೆಳೆಯಬಹುದು. ವಾಸನೆಯಿಂದ ಇದು ತಿಳಿಯದಿರಬಹುದು.

ಉಪಸಂಹಾರ

ಒಂದು ತಿಂಡಿಯಿಂದ ಮಾರುಕಟ್ಟೆಯ ಬೆಲೆಯು ಏರುವುದಿಲ್ಲ. ಕೊಯ್ಲಿಗೆ 10ರಿಂದ 15 ದಿನ ಮುಂಚೆ ನೀರು ನಿಲ್ಲಿಸುವುದು, ಗಡ್ಡೆಗಳನ್ನು ಚೆನ್ನಾಗಿ ಒಣಗಿಸುವುದು, ಕತ್ತನ್ನು 2 ಸೆಂಟಿಮೀಟರಿಗಿಂತ ಕಡಿಮೆಯಾಗದಂತೆ ಬಿಟ್ಟು ಕತ್ತರಿಸುವುದು, ಗಾಳಿಯಾಡುವಂತೆ ಇಡುವುದು, ಇವೇ ರೈತನಿಗೆ ನಷ್ಟವನ್ನು ತಪ್ಪಿಸತಕ್ಕ ಮುಖ್ಯ ಕೆಲಸಗಳು. ಆದರೆ ಹೀಗೆ ವಿಂಗಡಿಸಿ ತೆಗೆದ ಗಡ್ಡೆಯನ್ನು ಎಸೆಯದೆ ಉಪಯೋಗಿಸುವ ದಾರಿಯು ಮನೆಯಲ್ಲಿದ್ದರೆ, ವಿಂಗಡಿಸುವ ಕೈಯೂ ಹಿಂಜರಿಯುವುದಿಲ್ಲ. ವ್ಯರ್ಥವಾಗುವುದೆಂಬ ಮರುಕದಿಂದ ಒಂದು ಕೆಟ್ಟ ಗಡ್ಡೆಯನ್ನು ಉಗ್ರಾಣದಲ್ಲಿ ಬಿಟ್ಟರೆ ಸುತ್ತಲಿನ ಒಳ್ಳೆಯವೂ ಹಾಳಾಗುವುವು. ಅದನ್ನು ಅಂದೇ ಒಲೆಯ ಮೇಲಿಟ್ಟರೆ ಮನೆಯವರಿಗೆ ತಿಂಡಿಯೂ ಆಗುವುದು, ಉಗ್ರಾಣವೂ ಉಳಿಯುವುದು.