ಹೊಲ ಸೈಟಾಗುವ ಮುನ್ನ



ನಮ್ಮ ಕೊಳ್ಳೇಗಾಲ ಸೀಮೆ 1956ರವರೆಗೆ ಕೊಯಮತ್ತೂರು ಜಿಲ್ಲೆಗೇ ಸೇರಿತ್ತು. ಇಂದಿಗೂ ನೆಂಟಸ್ತನ, ವ್ಯಾಪಾರ, ಕೂಲಿ ಎಂದು ನಮ್ಮವರು ಆ ಕಡೆ ಹೋಗಿಬರುತ್ತಾರೆ. ತಿರುಪ್ಪೂರಿನ ಬನಿಯನ್ ಕಾರ್ಖಾನೆಯಲ್ಲಿ ದುಡಿಯುವ ಮಗನಿಗಾಗಿ ಅಲ್ಲೇ ಒಂದು ಸೈಟು ಕೊಳ್ಳೋಣವೇ ಎಂದು ಕೆಲವರು ಕೇಳುತ್ತಾರೆ. ಅದಕ್ಕಾಗಿ ಇಲ್ಲಿಯ ಹೊಲ ಮಾರೋಣವೇ ಎಂದು ಕೇಳುವವರೂ ಇದ್ದಾರೆ. ಆ ಎರಡು ಜಿಲ್ಲೆಗಳ ಅನುಭವವನ್ನು ತಿಳಿದುಕೊಂಡು ನಿರ್ಧಾರ ಮಾಡುವುದು ಒಳ್ಳೆಯದು.

ಕೊಯಮತ್ತೂರು ಪಶ್ಚಿಮ ಘಟ್ಟದ ಮಳೆನೆರಳಿನ ನಾಡು. ಜೋಳ, ಹತ್ತಿ, ತೆಂಗು ಬೆಳೆಯುವ ಅಲ್ಲಿನ ರೈತರು ಬಾವಿಯನ್ನೇ ನಂಬಿದವರು. ವೆಳ್ಳಿಯಂಗಿರಿ ಬೆಟ್ಟದಲ್ಲಿ ಹುಟ್ಟಿ ಕಾವೇರಿ ಸೇರುವ ನೊಯ್ಯಲ್ ಹೊಳೆಗೆ ಹಿರಿಯರು ಅಲ್ಲಲ್ಲಿ ಒಡ್ಡು ಕಟ್ಟಿ, ಕಾಲುವೆ ತೆಗೆದು ಕೆರೆಗಳನ್ನು ತುಂಬಿಸಿಕೊಂಡಿದ್ದರು. ಕೆರೆ ತುಂಬಿದರೆ ಕೆಳಗಿನ ಬಾವಿಗಳಲ್ಲಿ ನೀರು ಏರುತ್ತಿತ್ತು.

ಮುಂದೆ ಗಿರಣಿಗಳು, ಬನಿಯನ್ ಉದ್ಯಮ, ಕಂಪ್ಯೂಟರ್ ಕಂಪನಿಗಳು ಬೆಳೆದವು. 2009ರಲ್ಲಿ ತಿರುಪ್ಪೂರು ಪ್ರತ್ಯೇಕ ಜಿಲ್ಲೆಯಾಯಿತು. 2011ರಲ್ಲಿ ಕುರಿಚ್ಚಿ, ಕುನಿಯಮುತ್ತೂರು, ಕವುಂಡಂಪಾಳಯಂ ಮೊದಲಾದ ಊರುಗಳು ಕೊಯಮತ್ತೂರು ನಗರಪಾಲಿಕೆಗೆ ಸೇರಿದವು. ಸರವಣಂಪಟ್ಟಿಯಂಥ ಕಡೆ ಅಪಾರ್ಟ್‌ಮೆಂಟುಗಳು ಎದ್ದವು. ಬಾವಿ ಬತ್ತಿ, ಆಳು ಸಿಗದೆ, ಸಾಲದಲ್ಲಿದ್ದ ರೈತನ ಮುಂದೆ ದಲ್ಲಾಳಿ ಬಂದು ಎಕರೆಯ ಭೂಮಿಗೆ ಅಡಿಯ ಲೆಕ್ಕದಲ್ಲಿ ಬೆಲೆ ಹೇಳಿದ. ಮಾರಿದವನನ್ನು ದೂರುವಂತಿಲ್ಲ. ಅಪಾರ್ಟ್‌ಮೆಂಟಿನಲ್ಲಿ ಇರುವವರೂ ನಮ್ಮಂಥವರ ಮಕ್ಕಳೇ. ಅವರಿಗೂ ಮನೆ ಬೇಕು. ಆದರೆ ಮನೆ ಎಲ್ಲಿ ಏಳಬೇಕು ಎಂಬುದು ಮುಖ್ಯ.

ಅದನ್ನು ನಿರ್ಧರಿಸಲೆಂದೇ ತಮಿಳುನಾಡಿನಲ್ಲಿ 1971ರ ನಗರ ಮತ್ತು ಗ್ರಾಮ ಯೋಜನಾ ಕಾಯ್ದೆ ಇದೆ. ಯಾವ ನೆಲ ಬೇಸಾಯಕ್ಕೆ, ಯಾವುದು ಮನೆಗೆ, ಯಾವುದು ಕಾರ್ಖಾನೆಗೆ ಎಂದು ಮಾಸ್ಟರ್ ಪ್ಲಾನ್ ಹೇಳಬೇಕು. ಕೊಯಮತ್ತೂರಿನ ಪ್ಲಾನ್ 1994ರಲ್ಲಿ ಮಂಜೂರಾಗಿತ್ತು. ಹೊಸದರ ಕರಡು ಹೊರಬಂದದ್ದು 2024ರಲ್ಲಿ. ಊರು ಅಷ್ಟು ವರ್ಷ ಕಾಯಲಿಲ್ಲ. ತಮಿಳುನಾಡಿನ ಎಷ್ಟೋ ಕಡೆ ಹೊಲಕ್ಕೆ ಕಲ್ಲು ನೆಟ್ಟು, "ಪಂಚಾಯಿತಿ ಅನುಮೋದನೆ ಇದೆ" ಎಂದು ಹೇಳಿ ಸೈಟು ಮಾರಿದರು. 2016ರ ಸೆಪ್ಟೆಂಬರ್ 9ರಂದು ಮದ್ರಾಸ್ ಹೈಕೋರ್ಟ್ ಅನುಮೋದನೆ ಇಲ್ಲದ ಸೈಟುಗಳ ನೋಂದಣಿಗೆ ತಡೆ ಹಾಕಿತು. ಕೂಡಿಟ್ಟ ಹಣ ಸುರಿದ ಬಡವರು ಸಿಕ್ಕಿಕೊಂಡರು. 2017ರಲ್ಲಿ ಸರ್ಕಾರ ಶುಲ್ಕ ಕಟ್ಟಿಸಿಕೊಂಡು ಸಕ್ರಮ ಮಾಡುವ ನಿಯಮ ತಂದಿತು. ಕಾಗದ ಸಕ್ರಮವಾದರೂ ಹೊಲ ಮರಳಿ ಬರುವುದಿಲ್ಲ.

ಹೊಲದ ಜೊತೆ ನೀರಿನ ದಾರಿಯೂ ಹೋಗುತ್ತದೆ. ಒಬ್ಬರ ಹೊಲದಲ್ಲಿ ಕಾಲುವೆ ಮುಚ್ಚಿದರೆ ಕೆಳಗಿನ ಹತ್ತು ಮನೆಯವರ ಬಾವಿ ಸೊರಗುತ್ತದೆ. ಮಳೆನೀರು ಬರುತ್ತಿದ್ದ ಕೆರೆಗೆ ಚರಂಡಿ ನೀರು ಬರುತ್ತದೆ. ಆ ನೀರಿನಿಂದ ವಾಂತಿಭೇದಿ, ಕಾಮಾಲೆ, ಟೈಫಾಯಿಡ್ ಹರಡುತ್ತವೆ. 2024ರ ಆಗಸ್ಟಿನಲ್ಲಿ ಉದ್ಘಾಟನೆಯಾದ ಅತ್ತಿಕಡವು–ಅವಿನಾಶಿ ಯೋಜನೆ ಭವಾನಿಯ ಹೆಚ್ಚುವರಿ ನೀರನ್ನು ಪಂಪಿನಿಂದ ಎತ್ತಿ ಕೊಯಮತ್ತೂರು, ತಿರುಪ್ಪೂರು, ಈರೋಡ್ ಜಿಲ್ಲೆಗಳ 1,045 ಕೆರೆಕಟ್ಟೆಗಳಿಗೆ ಹರಿಸುತ್ತದೆ. ರೈತರು ದಶಕಗಳಿಂದ ಕೇಳಿದ ನೀರು ಅದು. ನೀರು ಬಂದಾಗ ಕೆರೆಯ ಕೆಳಗೆ ಉಳುವ ಹೊಲವೂ ಉಳಿದಿರಬೇಕಲ್ಲವೇ?

ನೆನಪಿಡಬೇಕಾದ ಕೆಲವು ಮಾತುಗಳು:

1. ತಮಿಳುನಾಡಿನಲ್ಲಿ ಸೈಟು ಕೊಳ್ಳುವವರು ಯೋಜನಾ ಇಲಾಖೆಯ ಅನುಮೋದನೆ ನೋಡದೆ ಮುಂಗಡ ಕೊಡಬೇಡಿ. 500 ಚದರ ಮೀಟರಿಗೆ ಮೀರಿದ ಅಥವಾ 8ಕ್ಕಿಂತ ಹೆಚ್ಚು ಮನೆಗಳ ಹೊಸ ಯೋಜನೆಗೆ ರೇರಾ ನೋಂದಣಿ ಇರಲೇಬೇಕು. ಇ.ಸಿ. ಎಂಬ ಋಣಭಾರ ಪತ್ರವನ್ನೂ ತೆಗೆಸಿ ನೋಡಿ.

2. ಮಾರುವವರು ಮನೆಯವರನ್ನೆಲ್ಲ ಕೂರಿಸಿ ಮಾತಾಡಿ. ತಂದೆ ಉಯಿಲು ಬರೆಯದೆ ತೀರಿಕೊಂಡಿದ್ದರೆ, ಕ್ರೈಸ್ತರಿಗೆ ಅನ್ವಯಿಸುವ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯಂತೆ ತಾಯಿಗೆ ಮೂರರಲ್ಲಿ ಒಂದು ಪಾಲು. ಉಳಿದದ್ದು ಗಂಡು, ಹೆಣ್ಣು ಮಕ್ಕಳಿಗೆ ಸಮ. ಮದುವೆಯಾಗಿ ಹೋದ ಮಗಳನ್ನು ಬಿಟ್ಟು ಬರೆದ ಪತ್ರ ಮುಂದೆ ವ್ಯಾಜ್ಯ ತರುತ್ತದೆ. ಅದಕ್ಕಿಂತ ಮೊದಲು ಅದು ಅನ್ಯಾಯ.

3. ಕರ್ನಾಟಕದಲ್ಲಿ 2020ರ ತಿದ್ದುಪಡಿ ರೈತರಲ್ಲದವರು ಕೃಷಿಭೂಮಿ ಕೊಳ್ಳಲು ಇದ್ದ ತಡೆಯನ್ನು ತೆಗೆಯಿತು. ಆದ್ದರಿಂದ ದಲ್ಲಾಳಿ ನಮ್ಮ ಬಾಗಿಲಿಗೂ ಬಂದಾನು. ಮಾರಲೇಬೇಕಾದರೆ ಬರಡು ನೆಲವನ್ನು ಮೊದಲು ನೋಡಿ; ಕೆರೆ ಕೆಳಗಿನ ಹೊಲವನ್ನು ಉಳಿಸಿಕೊಳ್ಳಿ. ನೆರೆಯವರ ಕಾಲುವೆ, ಬಂಡಿದಾರಿಗಳನ್ನು ಪತ್ರದಲ್ಲಿ ಬರೆಸಿ. ಗ್ರಾಮಸಭೆಗೆ ತಪ್ಪದೆ ಹೋಗಿ.

4. ಹತ್ತಿರ ಹೊಸ ಮನೆಗಳೆದ್ದರೆ ಶೌಚದ ಗುಂಡಿ ನಿಮ್ಮ ಬಾವಿಯಿಂದ ಕನಿಷ್ಠ 50 ಅಡಿ ದೂರವಿರಲಿ. ಕುಡಿಯುವ ನೀರನ್ನು ಕುದಿಸಿ ಆರಿಸಿ.

ಅರಸ ಅಹಾಬನು ಬದಲಿಗೆ ಉತ್ತಮ ತೋಟವನ್ನೋ ಅದರ ಬೆಲೆಯನ್ನೋ ಕೊಡುತ್ತೇನೆಂದರೂ ನಾಬೋತನು ಪಿತ್ರಾರ್ಜಿತ ದ್ರಾಕ್ಷಿತೋಟವನ್ನು ಕೊಡಲಿಲ್ಲ. ಕೊನೆಗೆ ಅವನನ್ನು ಕೊಲ್ಲಿಸಿ ತೋಟ ಕಿತ್ತುಕೊಂಡರು. ನಮ್ಮಿಂದ ಯಾರೂ ಹಾಗೆ ಕಿತ್ತುಕೊಳ್ಳುತ್ತಿಲ್ಲ. ನಾವೇ ಸಹಿ ಹಾಕುತ್ತೇವೆ. ಆದುದರಿಂದ ಸಹಿ ಹಾಕುವ ಮುನ್ನ ಒಂದು ಸಂಜೆ ಮನೆಮಂದಿಯೆಲ್ಲ ಆ ಹೊಲದಲ್ಲಿ ನಿಂತು, ಪ್ರಾರ್ಥಿಸಿ, ನಂತರ ತೀರ್ಮಾನಿಸಿ. ದೇವರು ನಿಮ್ಮ ಹೊಲವನ್ನೂ ಮನೆಯನ್ನೂ ಆಶೀರ್ವದಿಸಲಿ.