ಮಳೆ ನಕ್ಷತ್ರಗಳು ಮತ್ತು ಆದಿಪ್ರಾಸ

ಸೂರ್ಯನು 27 ನಕ್ಷತ್ರಗಳಲ್ಲಿ ಒಂದೊಂದನ್ನು ದಾಟಲು 13 ಅಥವಾ 14 ದಿನ ಬೇಕು. ಪಂಚಗಂಗೆಯ ಬಯಲಿನ ರೈತರು, ಕನ್ನಡಿಗರಾಗಲಿ ಮರಾಠಿಗರಾಗಲಿ, ಮಳೆಗಾಲವನ್ನು ಎಣಿಸುವುದು ಈ ನಕ್ಷತ್ರಗಳಿಂದಲೇ. ಜೂನ್ 7ರ ಸುಮಾರಿಗೆ 'ಮಿರಗ' ಕೂಡುತ್ತದೆ. ಪಂಚಾಂಗ ಓದಲಾರದವರ ನೆನಪಿನಲ್ಲಿ ಈ ಕಾಲಗಣನೆಯನ್ನು ಉಳಿಸಿದ್ದು ಗಾದೆಗಳ ನಾದ.

'ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ' ಎಂಬಲ್ಲಿ ಎರಡನೆಯ ಅಕ್ಷರವಾದ ರಕಾರ ಮರಳಿ ಬಂದಿದೆ. ಅದರ ಹಿಂದಿನ ಅಕ್ಷರಗಳೆರಡೂ ಲಘು. ಛಂದಸ್ಸಿನಲ್ಲಿ ನಾವು ಓದುವ ಆದಿಪ್ರಾಸದ ನಿಯಮವೇ ಇದು. 'ರೋಣಿ ಮಳೆ ಬಂದರೆ ಓಣಿಯೆಲ್ಲ ಜೋಳ' ಎಂಬುದನ್ನು 'ರೋಹಿಣಿ' ಎಂದು ತಿದ್ದಿದರೆ ಪ್ರಾಸ ತಪ್ಪುತ್ತದೆ. 'ಆರ್ದ್ರಾ' ಸ್ವರಭಕ್ತಿಯಿಂದ 'ಆರಿದ್ರ' ಆದುದರಿಂದಲೇ ಅದು 'ಆರದೆ' ಹೊಯ್ಯುವ ಮಳೆಯಾಯಿತು. 'ಮಘೆ'ಯ ಮಹಾಪ್ರಾಣ ಸಡಿಲಿ 'ಮಗೆ' ಆದಾಗ ಗಾದೆಯಲ್ಲಿ ಮನೆಯ 'ಮಗ' ಅದಕ್ಕೆ ಜೊತೆಯಾದನು.

ಮರಾಠಿ ಗಾದೆಯಲ್ಲಿ 'ಸ್ವಾತಿ'ಗೆ 'ಮೋತಿ' ಹೊಂದುವುದು ಅಂತ್ಯಪ್ರಾಸದಿಂದ. ಮೇಲಿನ ಕನ್ನಡ ಗಾದೆಗಳಾದರೋ ಹೊಂದಿಕೆಯನ್ನು ಪದದ ಮೊದಲಲ್ಲಿಯೇ ಇಡುತ್ತವೆ. ನಕ್ಷತ್ರಗಳು ಎರಡೂ ಭಾಷೆಗಳಿಗೆ ಸಮಾನ. ಕಿವಿಯ ಸಂಸ್ಕಾರ ಬೇರೆ.

ಆದುದರಿಂದ ವಿದ್ಯಾರ್ಥಿಗಳು ಗಾದೆಗಳನ್ನು ಸಂಗ್ರಹಿಸುವಾಗ ಹಿರಿಯರ ಉಚ್ಚಾರವನ್ನು ಇದ್ದಂತೆಯೇ ಬರೆದುಕೊಳ್ಳಬೇಕು. ನಕ್ಷತ್ರದ ಹೆಸರನ್ನು ಸಂಸ್ಕೃತಕ್ಕೆ ತಿದ್ದಿದರೆ, ಆ ಗಾದೆ ಇಷ್ಟುಕಾಲ ನೆನಪಿನಲ್ಲಿ ನಿಂತ ಕಾರಣವೇ ಅಳಿಸಿಹೋಗುತ್ತದೆ.